ಬೆರಳಿಗೆ ತಕ್ಕ ಕೀಲಿ

ಸಂಚಿಕೆಗೆ ಒಂದು ಲೇಖನ ಬೇಕೆಂದು ಸಂಪಾದಕ ಮಿತ್ರರು ನನ್ನನ್ನು ಕೇಳಿದಾಗ ‘ವಿದ್ಯಾರ್ಥಿಗಳೂ ಶಿಸ್ತೂ’ ಎಂದೋ ‘ಗ್ರಂಥಾಲಯದ ಸದುಪಯೋಗ’ ಎಂದೋ ಏನಾದರೂ ಬರೆದುಕೊಡುತ್ತೇನೆಂದು ನಂಬಿದ್ದರೆಂದು ಕಾಣುತ್ತದೆ. ಕಂಪ್ಯೂಟರಿನಲ್ಲಿ ಆಡುವ ಆಟಗಳಿಗಾಗಿ ಮೌಸನ್ನೂ ಕೀಲಿಮಣೆಯನ್ನೂ ನಮ್ಮ ನಮ್ಮ ಕೈಗೆ ತಕ್ಕಂತೆ ಅಣಿಮಾಡಿಕೊಳ್ಳುವ ವಿಚಾರವಾಗಿ ಬರೆಯುತ್ತೇನೆಂದಾಗ ಅವರ ಮುಖ ಸ್ವಲ್ಪ ಬಾಡಿತು. “ಆಟದ ವಿಷಯವಾದರೆ ಕ್ರೀಡಾ ವರದಿಯಲ್ಲಿ ಎರಡು ಸಾಲು ಸೇರಿಸಬಹುದಲ್ಲ” ಎಂದರು. ಎರಡು ಸಾಲಿನಲ್ಲಿ ಮುಗಿಯುವಂಥದಲ್ಲ. ದಸರೆಯ ರಜೆ ಕಳೆದ ಮೇಲೆ ನಮ್ಮ ಹಾಸ್ಟೆಲಿನ ಹುಡುಗರೆಲ್ಲ ಸೇರಿ ಮಾಡಿರುವ ಒಂದು ನಿರ್ಣಯದ ಮೇಲೆ ನನಗೆ ತಕರಾರಿದೆ. ಆ ದಿನ ಎದ್ದುನಿಂತು ಮಾತಾಡಲು ನನಗೆ ಮುಖವಿರಲಿಲ್ಲ. ಆದುದರಿಂದ ಈಗ ಬರೆಯುತ್ತಿದ್ದೇನೆ.

ನಿರ್ಣಯ ಹೀಗಿದೆ: ಇನ್ನು ಮುಂದೆ ನಮ್ಮೊಳಗೆ ನಡೆಯುವ ಪಂದ್ಯಗಳಲ್ಲಿ ಎಲ್ಲರೂ ಅಂಗಡಿಯ ಮೌಸನ್ನೂ ಅಂಗಡಿಯ ಕೀಲಿಮಣೆಯನ್ನೂ ಉಪಯೋಗಿಸತಕ್ಕದ್ದು, ಆಟ ಮಾಡಿದ ಕಂಪನಿಯವರು ಯಾವ ಕೆಲಸಕ್ಕೆ ಯಾವ ಕೀಲಿ ಕೊಟ್ಟಿದ್ದಾರೋ ಅದನ್ನೇ ಒತ್ತತಕ್ಕದ್ದು, ಯಾರೂ ಸ್ವಂತ ಪ್ರೊಫೈಲು ತರಕೂಡದು. ಈ ನಿರ್ಣಯಕ್ಕೆ ಕಾರಣ ನಾನೇ. ಅದನ್ನು ಮುಚ್ಚಿಡುವುದಿಲ್ಲ, ಮುಂದೆ ಹೇಳುತ್ತೇನೆ.

ಪರಿಚಯವಿಲ್ಲದ ವಾಚಕರಿಗಾಗಿ ಮೊದಲು ನಾಲ್ಕು ಮಾತು. ನಾವು ಆಡುವುದು ಕೌಂಟರ್-ಸ್ಟ್ರೈಕ್ ಎಂಬ ಬಂದೂಕಿನ ಆಟ. ಒಂದೊಂದು ಪಕ್ಷಕ್ಕೆ ಐದೈದು ಜನ. ಅಂತರ್ಜಾಲದ ಮೂಲಕ ಎಲ್ಲಿ ಕುಳಿತವರೊಡನೆಯಾದರೂ ಆಡಬಹುದು. ಅದರ ಈಗಿನ ರೂಪ, ಕೌಂಟರ್-ಸ್ಟ್ರೈಕ್ 2, 2023ರ ಸೆಪ್ಟೆಂಬರಿನಲ್ಲಿ ಹೊರಬಂದಿತು. ಆಡಲು ಕಾಸು ಕೊಡಬೇಕಾಗಿಲ್ಲವಾದ್ದರಿಂದ ನಮ್ಮಂಥವರಿಗೂ ದಕ್ಕಿದೆ. ಪೇಟೆಯ ಗೇಮಿಂಗ್ ಸೆಂಟರಿನಲ್ಲಿ ಗಂಟೆಗೆ 40 ರೂಪಾಯಿ ಬಾಡಿಗೆ ಕೊಟ್ಟರೆ ಸಾಕು. (ಹಣ ಕಟ್ಟಿ ಆಡುವ ಆಟಗಳ ಮಾತು ಬೇರೆ; ಅವನ್ನು ನಿಷೇಧಿಸಿ ಸಂಸತ್ತು 2025ರಲ್ಲಿ ಕಾಯಿದೆಯನ್ನೇ ಮಾಡಿದೆ. ನಮ್ಮಲ್ಲಿ ಸೋತ ಪಕ್ಷ ಟೀ ಕೊಡಿಸುವುದುಂಟು. ಕಾಯಿದೆ ಅಷ್ಟು ದೂರ ಬರಲಾರದೆಂದು ನಂಬಿದ್ದೇನೆ.) ಬಲಗೈ ಮೌಸಿನ ಮೇಲೆ: ನೋಟ ತಿರುಗಿಸುವುದು, ಗುರಿ ಹಿಡಿಯುವುದು, ಗುಂಡು ಹಾರಿಸುವುದು. ಎಡಗೈ ಕೀಲಿಮಣೆಯ ಮೇಲೆ: ನಡೆಯುವುದು, ಕೂರುವುದು, ನೆಗೆಯುವುದು, ಬಂದೂಕು ಬದಲಿಸುವುದು. ಯಾವ ಕೀಲಿಗೆ ಯಾವ ಕೆಲಸ, ಮೌಸು ಎಷ್ಟು ಸರಿದರೆ ನೋಟ ಎಷ್ಟು ತಿರುಗಬೇಕು ಎಂಬುದನ್ನೆಲ್ಲ ಒಬ್ಬನು ತನಗೆ ಬೇಕಾದಂತೆ ಗೊತ್ತುಮಾಡಿ ಉಳಿಸಿಟ್ಟುಕೊಂಡ ಪಟ್ಟಿಗೆ ಪ್ರೊಫೈಲು ಎಂದು ಹೆಸರು.

ಈಗ, ಕಂಪನಿಯವರು ಕೊಟ್ಟ ಕೀಲಿಗಳೆಂದರೆ ಏನೋ ವೇದವಾಕ್ಯವೆಂಬಂತೆ ನಮ್ಮ ಮಿತ್ರರು ಮಾತಾಡುತ್ತಾರೆ. ಮುಂದೆ ನಡೆಯಲು ಡಬ್ಲ್ಯು, ಎಡಕ್ಕೆ ಎ, ಹಿಂದಕ್ಕೆ ಎಸ್, ಬಲಕ್ಕೆ ಡಿ. ಈ ನಾಲ್ಕು ಅಕ್ಷರಗಳಿಗೂ ನಡಿಗೆಗೂ ಏನು ಸಂಬಂಧ? 1870ರ ದಶಕದಲ್ಲಿ ಅಮೆರಿಕದ ಕ್ರಿಸ್ಟೊಫರ್ ಷೋಲ್ಸ್ ಎಂಬಾತನೂ ಅವನ ಸಂಗಡಿಗರೂ ಬೆರಳಚ್ಚು ಯಂತ್ರಕ್ಕೆ ಅಕ್ಷರಗಳನ್ನು ಜೋಡಿಸುವಾಗ ಬಂದೂಕಿನ ಆಟವನ್ನು ಕನಸಿನಲ್ಲಿಯೂ ಕಂಡಿರಲಾರರು. 1996ರಲ್ಲಿ ಕ್ವೇಕ್ ಎಂಬ ಆಟ ಬಂದಾಗಲೂ ನಡೆಯಲು ಇದ್ದದ್ದು ಬಾಣದ ಗುರುತಿನ ಕೀಲಿಗಳು. ಆಡುವವರು ತಮತಮಗೆ ಒಗ್ಗುವಂತೆ ಬೇರೆ ಬೇರೆ ಕೀಲಿಗಳನ್ನು ಹಾಕಿಕೊಂಡು ನೋಡುತ್ತಿದ್ದರು. ಅಂಥವರಲ್ಲಿ ಡೆನ್ನಿಸ್ ಫಾಂಗ್ ಎಂಬ ತರುಣನೊಬ್ಬ. 1997ರಲ್ಲಿ ಅಟ್ಲಾಂಟದಲ್ಲಿ ನಡೆದ ಕ್ವೇಕ್ ಪಂದ್ಯವನ್ನು ಅವನು ಗೆದ್ದ. ಆಟವನ್ನು ಬರೆದ ಜಾನ್ ಕಾರ್ಮ್ಯಾಕ್ ತಮ್ಮ ಸ್ವಂತ ಫೆರಾರಿ ಮೋಟಾರನ್ನೇ ಬಹುಮಾನವಾಗಿ ಕೊಟ್ಟರು. ಡಬ್ಲ್ಯು, ಎ, ಎಸ್, ಡಿ ಹಿಡಿದವರಲ್ಲಿ ಫಾಂಗ್ ಮೊದಲಿಗನೇನೂ ಅಲ್ಲ. ಆದರೆ ಗೆದ್ದವನು ಹೇಗೆ ಕೈಯಿಡುತ್ತಾನೆಂದು ಜನ ನೋಡಿಯೇ ನೋಡುತ್ತಾರಷ್ಟೆ. ಅವನ ಪಟ್ಟಿಯನ್ನು ಎಲ್ಲರೂ ನಕಲು ಮಾಡಿಕೊಂಡರು. ಕ್ವೇಕ್ 2ರೊಡನೆ ಆ ಪಟ್ಟಿಯ ಒಂದು ಕಡತವೇ ಕೂಡಿ ಬಂದಿತು. 1998ರಲ್ಲಿ ಬಂದ ಹಾಫ್-ಲೈಫ್ ಆಟ ಅದೇ ನಾಲ್ಕು ಕೀಲಿಗಳನ್ನು ಮೊದಲಿನಿಂದಲೇ ಹಾಕಿಕೊಟ್ಟಿತು. ಎಂದರೆ, ಇಂದು ನಮ್ಮ ಹಾಸ್ಟೆಲು ಶಾಸ್ತ್ರವೆಂದು ವಿಧಿಸುತ್ತಿರುವುದು ಒಂದು ಕಾಲಕ್ಕೆ ಯಾರದೋ ಸ್ವಂತ ಪ್ರೊಫೈಲಾಗಿತ್ತು!

ಕೀಲಿಯ ಮೇಲೆ ಬರೆದಿರುವ ಅಕ್ಷರ ಕೀಲಿಯ ಜಾತಿಯಲ್ಲ. ನಮ್ಮ ಕಾಲೇಜಿನ ಕಛೇರಿಯಲ್ಲಿ ನುಡಿ ತಂತ್ರಾಂಶದಲ್ಲಿ ಕನ್ನಡ ಬೆರಳಚ್ಚು ಮಾಡುವ ಅಕ್ಕನವರನ್ನು ನೋಡಿ. ನಾನು ಮುಂದೆ ನಡೆಯುವ ಡಬ್ಲ್ಯು ಕೀಲಿ ಅವರ ಕೈಯಲ್ಲಿ ಡಕಾರ. ಕೆ. ಪಿ. ರಾವ್ ಅವರು ರೂಪಿಸಿದ ಜೋಡಣೆಯಿಂದ ಅದೇ ಇಂಗ್ಲಿಷು ಮಣೆಯ ಮೇಲೆ ಇಡೀ ಕನ್ನಡ ವರ್ಣಮಾಲೆ ಬಂದು ಕುಳಿತಿದೆ. ಅದನ್ನು ಯಾರೂ ಮೋಸವೆನ್ನಲಿಲ್ಲ.

ಇನ್ನು ನನ್ನ ಕೈಯ ಸಂಗತಿ. ನನಗೆ ಹತ್ತು ವರ್ಷವಾಗಿದ್ದಾಗ ಪಂಪುಸೆಟ್ಟಿನ ಬೆಲ್ಟಿಗೆ ಎಡಗೈ ಸಿಕ್ಕಿತು. ಕೈ ಉಳಿಯಿತು, ಉಂಗುರದ ಬೆರಳೂ ಕಿರುಬೆರಳೂ ಅರ್ಧ ಮಡಿಸಿದ ಹಾಗೆಯೇ ಗಟ್ಟಿಯಾಗಿ ನಿಂತುಬಿಟ್ಟವು. ಬರೆಯುವುದು ಬಲಗೈಯಾದ್ದರಿಂದ ಪರೀಕ್ಷೆಗೆ ಅಡ್ಡಿಯಾಗಲಿಲ್ಲ. ಅಡ್ಡಿಯಾದದ್ದು ಈ ಆಟಕ್ಕೆ. ಕಂಪನಿಯವರ ವ್ಯವಸ್ಥೆಯಲ್ಲಿ ಎಡಕ್ಕೆ ಸರಿಯುವ ಎ ಕೀಲಿ ಉಂಗುರದ ಬೆರಳಿನ ಪಾಲು. ಕೂರುವ ಕಂಟ್ರೋಲು, ಸದ್ದಿಲ್ಲದೆ ನಡೆಯುವ ಶಿಫ್ಟು, ಎರಡೂ ಕಿರುಬೆರಳಿನ ಪಾಲು. ಎರಡು ತಿಂಗಳು ನಾನು ಎಡಕ್ಕೆ ಸರಿಯಲಾರದ ಸೈನಿಕನಾಗಿ ಆಡಿದೆ. ಗೋಡೆಯ ಮರೆಯಿಂದ ಹೊರಬಂದವನು ಮರಳಿ ಮರೆಗೆ ಹೋಗುವಷ್ಟರಲ್ಲಿ ಸತ್ತಿರುತ್ತಿದ್ದೆ. ನನ್ನನ್ನು ತಮ್ಮ ಪಕ್ಷಕ್ಕೆ ಕರೆಯದಿರಲು ಹುಡುಗರು ನಾನಾ ನೆಪ ಹೇಳುತ್ತಿದ್ದರು. ಪಾಪ, ಒಳ್ಳೆಯ ಹುಡುಗರೇ. ನೆಪವನ್ನು ಬಹಳ ಮರ್ಯಾದೆಯಿಂದ ಹೇಳುತ್ತಿದ್ದರು.

ಕೀಲಿ ಬದಲಿಸಿಕೊಳ್ಳಬಹುದೆಂದು ನನಗೆ ತೋರಿಸಿಕೊಟ್ಟವನು ನನ್ನ ಕೋಣೆಯ ಜೊತೆಗಾರ. “ಲೋ, ಬೆರಳು ಬಗ್ಗದಿದ್ರೆ ಕೀಲಿ ಬಗ್ಗಿಸು ಕಣೋ” ಎಂದ. ಒಂದು ಭಾನುವಾರವೆಲ್ಲ ಪಕ್ಕದಲ್ಲಿ ಕುಳಿತು, ತನ್ನ ಗಂಟೆಯ ಬಾಡಿಗೆಯನ್ನೂ ನನಗಾಗಿ ಕಳೆದು, ಒಂದೊಂದನ್ನೇ ಹಾಕಿ ನೋಡಿದ. ಕೊನೆಗೆ ನಿಂತ ವ್ಯವಸ್ಥೆ ಇದು. ನಡುಬೆರಳು ಡಿ ಕೀಲಿಯ ಮೇಲೆ: ಎಡಕ್ಕೆ. ತೋರುಬೆರಳು ಎಫ್ ಮೇಲೆ: ಬಲಕ್ಕೆ; ಅದೇ ಬೆರಳು ಕೆಳಗಿಳಿದು ಸಿ ಒತ್ತಿದರೆ ಹಿಂದಕ್ಕೆ. ಮುಂದೆ ನಡೆಯುವುದನ್ನು ಕೀಲಿಮಣೆಯಿಂದಲೇ ತೆಗೆದು ಮೌಸಿನ ಪಕ್ಕದಲ್ಲಿ ಬಲಗೈ ಹೆಬ್ಬೆರಳಿಗೆ ಸಿಕ್ಕುವ ಗುಂಡಿಗೆ ಕೊಟ್ಟೆವು. ಅದರ ಹಿಂದಿನ ಗುಂಡಿಗೆ ಕೂರುವುದು. ಎಡ ಹೆಬ್ಬೆರಳಿಗೆ ಉದ್ದ ಕೀಲಿಯಿಂದ ನೆಗೆತ, ಅದರ ಪಕ್ಕದ ಆಲ್ಟ್ ಕೀಲಿಯಿಂದ ಸದ್ದಿಲ್ಲದ ನಡಿಗೆ. ಆಲ್ಟಿಗೆ ಒಂದು ಅಪಾಯವುಂಟು: ಹೆಬ್ಬೆರಳು ತುಸು ಎಡಕ್ಕೆ ಜಾರಿದರೆ ವಿಂಡೋಸ್ ಕೀಲಿ ಒತ್ತಿಹೋಗಿ ಆಟದಿಂದಲೇ ಹೊರಗೆ ಬಿದ್ದಿರುತ್ತೇವೆ. ಆಟಕ್ಕೆಂದೇ ಮಾಡಿದ ದುಬಾರಿ ಕೀಲಿಮಣೆಗಳಲ್ಲಿ ಆ ಕೀಲಿಗೆ ಬೀಗ ಹಾಕುವ ಉಪಾಯವಿರುತ್ತದೆ. ನಾವು ಅಂಗಡಿಯವರ ಅಪ್ಪಣೆ ಪಡೆದು ಉಗುರು ಕತ್ತರಿಯಿಂದ ಕೀಲಿಯ ಟೊಪ್ಪಿಗೆಯನ್ನೇ ಕಿತ್ತಿಟ್ಟೆವು.

ಅಗ್ಗದ ಕೀಲಿಮಣೆಯ ಇನ್ನೊಂದು ಕಿರುಕುಳವೂ ಆಗ ಗೊತ್ತಾಯಿತು. ಅದರೊಳಗೆ ಕೀಲಿಗೊಂದರಂತೆ ತಂತಿಯಿರುವುದಿಲ್ಲ. ಅಡ್ಡ ಸಾಲು, ಉದ್ದ ಸಾಲುಗಳ ಜಾಲವೊಂದಿರುತ್ತದೆ. ಒಟ್ಟಿಗೆ ಮೂರು ಕೀಲಿಗಳನ್ನು ಒತ್ತಿದಾಗ ಕೆಲವು ಜೋಡಣೆಗಳಲ್ಲಿ ಮೂರನೆಯದು ಕಂಪ್ಯೂಟರಿಗೆ ಕೇಳಿಸುವುದೇ ಇಲ್ಲ. ಆದುದರಿಂದ ಪ್ರೊಫೈಲು ಮಾಡಿಕೊಳ್ಳುವವರು ಓಡುತ್ತ, ಕೂತು, ನೆಗೆಯುವ ಕೀಲಿಗಳನ್ನು ಒಟ್ಟಾಗಿ ಒತ್ತಿ ಮೊದಲೇ ನೋಡಿಕೊಳ್ಳುವುದು ಲೇಸು.

ಮೌಸಿನದು ಬೇರೆಯೇ ಲೆಕ್ಕ. ಅಂಗಡಿಯಲ್ಲಿ ಮಾರುವವರು 16,000 ಡಿಪಿಐ, 25,000 ಡಿಪಿಐ ಎಂದು ಕೂಗುತ್ತಾರೆ. ಡಿಪಿಐ ಎಂದರೆ ಮೌಸು ಒಂದು ಅಂಗುಲ ಸರಿದಾಗ ಕಂಪ್ಯೂಟರಿಗೆ ಹೇಳುವ ಎಣಿಕೆ, ಅಷ್ಟೇ. ಅದನ್ನು ಆಟದೊಳಗಿನ ವೇಗದ ಅಂಕಿಯಿಂದ ಗುಣಿಸಬೇಕು. 800ನ್ನು 1ರಿಂದ ಗುಣಿಸಿದರೂ 400ನ್ನು 2ರಿಂದ ಗುಣಿಸಿದರೂ ಬರುವುದು ಒಂದೇ ತಿರುಗು. ಕೌಂಟರ್-ಸ್ಟ್ರೈಕಿನಲ್ಲಿ 800ಕ್ಕೆ 1 ಇಟ್ಟರೆ ಒಂದು ಸುತ್ತು ಪೂರ್ತಿ ತಿರುಗಲು ಮೌಸನ್ನು ಸುಮಾರು 52 ಸೆಂಟಿಮೀಟರು ಎಳೆಯಬೇಕು; 2 ಇಟ್ಟರೆ 26 ಸಾಕು. ಗುರಿ ಕದಲದಿರಲು ನಿಧಾನವೇ ಮೇಲು. ಆದರೆ ನಮ್ಮ ಅಂಗಡಿಯ ಮೇಜಿನಲ್ಲಿ ಕೀಲಿಮಣೆ ಹೋಗಿ ಉಳಿಯುವ ಜಾಗ ಒಂದು ಗೇಣಿನ ಮೇಲೆ ನಾಲ್ಕು ಬೆರಳು. 52 ಸೆಂಟಿಮೀಟರು ಎಳೆದರೆ ಪಕ್ಕದವನ ಕೈಗೆ ಡಿಕ್ಕಿ. ಆದುದರಿಂದ ನಾನು 2 ಇಟ್ಟುಕೊಂಡಿದ್ದೇನೆ. ಯಾರೋ ವಿದೇಶದ ವೀರನ ಅಂಕಿಗಳನ್ನು ತಂದು ನಮ್ಮ ಗೇಣುದ್ದದ ಮೇಜಿಗೆ ಹಾಕಿಕೊಳ್ಳುವವರನ್ನು ನೋಡಿದರೆ ನನಗೆ ನಗು ಬರುತ್ತದೆ. ಇದರ ಜೊತೆಗೆ ವಿಂಡೋಸಿನಲ್ಲಿರುವ ‘ಎನ್‌ಹಾನ್ಸ್ ಪಾಯಿಂಟರ್ ಪ್ರಿಸಿಷನ್’ ಎಂಬ ಗುರುತನ್ನು ತೆಗೆದುಹಾಕುವುದು ಒಳ್ಳೆಯದು. ಅದು ಇದ್ದರೆ ಮೌಸನ್ನು ಬೇಗ ಸರಿಸಿದಾಗ ಒಂದು ದೂರ, ನಿಧಾನವಾಗಿ ಸರಿಸಿದಾಗ ಇನ್ನೊಂದು ದೂರವಾಗಿ, ಕೈಗೆ ಲೆಕ್ಕವೇ ಸಿಕ್ಕುವುದಿಲ್ಲ.

ನನ್ನ ಮೌಸು ಎರಡನೆಯ ಕೈಯದು. ಮಾವನ ಮಗ ಬಳಸಿ ಬಿಟ್ಟದ್ದು. ಆದರೆ ಅದರೊಳಗೆ ಒಂದು ಸಣ್ಣ ನೆನಪಿನ ಕೋಶವಿದೆ. ಮಾವನ ಮನೆಯ ಲ್ಯಾಪ್‌ಟಾಪಿನಲ್ಲಿ ಒಮ್ಮೆ ಗೊತ್ತುಮಾಡಿಬಿಟ್ಟರೆ ಮೌಸಿನ ವ್ಯವಸ್ಥೆ ಅದರ ಹೊಟ್ಟೆಯಲ್ಲೇ ಉಳಿಯುತ್ತದೆ. ಅಂಗಡಿಯ ಕಂಪ್ಯೂಟರಿನಲ್ಲಿ ಯಾವ ತಂತ್ರಾಂಶವನ್ನೂ ಸೇರಿಸಬೇಕಾಗಿಲ್ಲ. ಎರಡು ಪ್ರೊಫೈಲು ಹಿಡಿಸುತ್ತದೆ. ಕೆಳಗಿರುವ ಒಂದು ಗುಂಡಿಯನ್ನೊತ್ತಿ ಒಂದರಿಂದ ಇನ್ನೊಂದಕ್ಕೆ ಬದಲಿಸಬಹುದು. ಮೊದಲನೆಯದರಲ್ಲಿ ಮೇಲೆ ಹೇಳಿದ ವ್ಯವಸ್ಥೆ. ಎರಡನೆಯದು ಬಹಳ ದಿನ ಖಾಲಿಯಿತ್ತು.

ಈಗ ನನ್ನ ತಪ್ಪಿಗೆ ಬಂದೆ.

ಈ ಆಟದಲ್ಲಿ ಎಕೆ-47 ಎಂಬ ಬಂದೂಕಿನಿಂದ ಒಂದೇ ಸಮನೆ 30 ಗುಂಡು ಹಾರಿಸಿದರೆ ಗುರಿ ಮೊದಲು ಮೇಲಕ್ಕೇರಿ ಆಮೇಲೆ ಅತ್ತಿತ್ತ ಓಲಾಡುತ್ತದೆ. ಆ ಓಲಾಟ ಪ್ರತಿಸಲವೂ ಹೆಚ್ಚುಕಡಿಮೆ ಒಂದೇ ದಾರಿ ಹಿಡಿಯುತ್ತದೆ. ಅದನ್ನು ಕಲಿತವನು ಮೌಸನ್ನು ಅದಕ್ಕೆ ಎದುರಾಗಿ ಕೆಳಕ್ಕೂ ಪಕ್ಕಕ್ಕೂ ಎಳೆದು ಗುಂಡುಗಳನ್ನೆಲ್ಲ ಒಂದೆಡೆ ಸೇರಿಸಬಲ್ಲ. ನನ್ನ ಜೊತೆಗಾರ ಅದನ್ನು ಬರಿಯ ಗೋಡೆಗೆ ಹೊಡೆದು ಹೊಡೆದು ಕಲಿತ. ಎರಡು ತಿಂಗಳು, ದಿನಕ್ಕೆ ಅರ್ಧ ಗಂಟೆ. ನಾನೋ, ಮೌಸಿನ ತಂತ್ರಾಂಶದಲ್ಲಿ ‘ಮ್ಯಾಕ್ರೊ’ ಎಂಬ ಒಂದು ಸೌಕರ್ಯವಿರುವುದನ್ನು ಕಂಡುಕೊಂಡೆ. ಕೈಯ ಚಲನೆಗಳನ್ನು ಸರಣಿಯಾಗಿ ಬರೆದಿಟ್ಟರೆ ಒಂದು ಗುಂಡಿಯನ್ನೊತ್ತಿದಾಗ ಮೌಸು ತಾನಾಗಿಯೇ ಅವನ್ನೆಲ್ಲ ಮಾಡುತ್ತದೆ. ಎರಡನೆಯ ಪ್ರೊಫೈಲಿನಲ್ಲಿ ಗುಂಡು ಹಾರಿಸುವ ಗುಂಡಿಗೆ ಆ ಎಳೆತವನ್ನು ಕಟ್ಟಿಬಿಟ್ಟೆ.

ಆ ಶನಿವಾರ ಅವನು ಎದುರು ಪಕ್ಷದಲ್ಲಿದ್ದ. ನಾವು ಗೆದ್ದೆವು. ಅವರು ಟೀ ಕೊಡಿಸಿದರು. “ಅದು ಹೆಂಗೋ ಇಷ್ಟು ಬೇಗ ಕಲ್ತೆ?” ಎಂದು ಕೇಳಿದ, ಅವನ ಮುಖದಲ್ಲಿ ನನಗಿಂತ ಹೆಚ್ಚು ಸಂತೋಷವಿತ್ತು. “ಅಭ್ಯಾಸ ಕಣೋ” ಎಂದೆ. ಆ ಟೀ ಗಂಟಲಲ್ಲಿ ಇಳಿಯಿತು. ಇಳಿಯಲಿಲ್ಲವೆಂದು ಬರೆದರೆ ಈ ಲೇಖನದಲ್ಲಿ ಎರಡನೆಯ ಸುಳ್ಳಾಗುತ್ತದೆ.

ಎರಡು ದಿನದ ಮೇಲೆ ಅವನ ಮೌಸು ಕೆಟ್ಟಿತು. ನನ್ನದನ್ನು ಕೇಳಿದ, ಕೊಟ್ಟೆ. ಕೆಳಗಿನ ಗುಂಡಿ ಯಾವ ಕಡೆಗಿತ್ತೆಂಬುದನ್ನು ನೋಡಲಿಲ್ಲ. ಅವನು ಎಂದಿನಂತೆ ಗೋಡೆಯ ಮುಂದೆ ನಿಂತು ಹೊಡೆದ. ಕೈ ಎಳೆಯುವ ಮುಂಚೆಯೇ ಗುರಿ ತಾನಾಗಿ ಕೆಳಗಿಳಿಯಿತು. ಮೌಸಿನಿಂದ ಕೈ ತೆಗೆದು, ಬೆರಳತುದಿಯಿಂದ ಗುಂಡಿಯೊಂದನ್ನೇ ಒತ್ತಿ ಹಿಡಿದು ಇನ್ನೊಮ್ಮೆ ನೋಡಿದ. ಆಮೇಲೆ ಅದನ್ನು ಮೇಜಿನ ಮೇಲೆ ನನ್ನ ಕಡೆಗೆ ಮೆಲ್ಲನೆ ಸರಿಸಿ, “ನಿನ್ನ ಮೌಸು ಚೆನ್ನಾಗಿ ಆಡುತ್ತೆ ಕಣೋ” ಎಂದ. ಅಷ್ಟೇ. ಯಾರಿಗೂ ಹೇಳಲಿಲ್ಲ. ಪಕ್ಕದಲ್ಲಿ ಕುಳಿತವರು ನೋಡಿದ್ದರು. ಊಟದ ಹೊತ್ತಿಗೆ ಹಾಸ್ಟೆಲಿಗೆಲ್ಲ ಗೊತ್ತಾಯಿತು. ಮಾರನೆಯ ದಿನ ನಿರ್ಣಯವಾಯಿತು.

ನಾನು ಆ ರಾತ್ರಿಯೇ ಮಾವನ ಮನೆಗೆ ಹೋಗಿ ಎರಡನೆಯ ಪ್ರೊಫೈಲನ್ನು ಅಳಿಸಿ ಬಂದೆ. ಆದರೆ ಹುಡುಗರು ಈಗ ಎರಡನ್ನೂ ಒಂದೇ ಮಾಡಿಬಿಟ್ಟಿದ್ದಾರೆ. ಬೆರಳಿಗೆ ತಕ್ಕಂತೆ ಕೀಲಿ ಹಾಕಿಕೊಂಡದ್ದೂ ಮೋಸ, ಮೌಸಿಗೆ ಆಡಲು ಕಲಿಸಿದ್ದೂ ಮೋಸ. ಎರಡನೆಯದಕ್ಕೆ ನಾನು ತಲೆ ಬಾಗಿಸುತ್ತೇನೆ, ಮೊದಲನೆಯದನ್ನು ಒಪ್ಪಲಾರೆ.

ನಮ್ಮ ತಾತ ಎಡಚ. ಎಲ್ಲರ ಕುಡುಗೋಲೂ ಬಲಗೈಗೆ ತಕ್ಕಂತೆ ಮಸೆದಿರುತ್ತದೆ. ಎಡಗೈಯಲ್ಲಿ ಹಿಡಿದು ಕೊಯ್ದರೆ ಪೈರಿನ ಮೇಲೆ ಜಾರುತ್ತದೆ. ಅವರು ಆಚಾರಿಗೆ ಹೇಳಿ ಮಗ್ಗುಲು ತಿರುಗಿಸಿ ಮಸೆದ ಕುಡುಗೋಲನ್ನು ಮಾಡಿಸಿಕೊಂಡಿದ್ದರು. ರಾಗಿ ಹೊಲದಲ್ಲಿ ಸಾಲು ಹಿಡಿದು ಕೊಯ್ಯುವಾಗ, ತಾತನ ಕುಡುಗೋಲು ಬೇರೆ, ಆದುದರಿಂದ ಅವರ ಸಾಲನ್ನು ಲೆಕ್ಕಕ್ಕೆ ಹಿಡಿಯಕೂಡದು ಎಂದು ಯಾರೂ ಹೇಳಲಿಲ್ಲ. ಬೆನ್ನು ಬಗ್ಗಿಸಿ ಕೊಯ್ದವರು ಅವರೇ ತಾನೆ? ಕುಡುಗೋಲನ್ನು ಬದುವಿನ ಮೇಲಿಟ್ಟು ಅದೇ ಕೊಯ್ಯುವಂತಿದ್ದರೆ ಮಾತು ಬೇರೆಯಾಗುತ್ತಿತ್ತು.

ಗೆರೆ ಎಳೆಯುವುದು ಎಲ್ಲ ಕಡೆಯೂ ಇಷ್ಟು ಸುಲಭವಲ್ಲವೆಂಬುದನ್ನು ಒಪ್ಪುತ್ತೇನೆ. 2024ರಲ್ಲಿ ಕೆಲವು ಕಂಪನಿಗಳು ಹೊಸ ಬಗೆಯ ಕೀಲಿಮಣೆಗಳನ್ನು ತಂದವು. ರೇಜರ್ ಕಂಪನಿ ತನ್ನದಕ್ಕೆ ‘ಸ್ನ್ಯಾಪ್ ಟ್ಯಾಪ್’ ಎಂದು ಹೆಸರಿಟ್ಟಿತು. ಈ ಆಟದಲ್ಲಿ ಓಡುತ್ತ ಹೊಡೆದ ಗುಂಡು ಗುರಿ ಮುಟ್ಟುವುದಿಲ್ಲ. ಎಡಕ್ಕೆ ಓಡುತ್ತಿರುವವನು ತಟ್ಟನೆ ನಿಲ್ಲಬೇಕಾದರೆ ಎಡದ ಕೀಲಿಯನ್ನು ಬಿಟ್ಟು ಬಲದ ಕೀಲಿಯನ್ನು ಕ್ಷಣಮಾತ್ರ ಒತ್ತಬೇಕು. ಒಂದನ್ನು ಬಿಡುವುದು, ಇನ್ನೊಂದನ್ನು ಒತ್ತುವುದು, ಇವೆರಡರ ಹೊಂದಾಣಿಕೆಯೇ ವರ್ಷಗಟ್ಟಲೆಯ ಸಾಧನೆ. ಹೊಸ ಕೀಲಿಮಣೆಯಲ್ಲಿ ಮೊದಲಿನದನ್ನು ಬಿಡದಿದ್ದರೂ ಚಿಂತೆಯಿಲ್ಲ; ಕೊನೆಗೆ ಒತ್ತಿದ್ದೇ ಸರಿಯೆಂದು ಅದು ತಾನೇ ತೀರ್ಮಾನಿಸುತ್ತದೆ. ಆಟದ ಒಡೆಯರಾದ ವಾಲ್ವ್ ಕಂಪನಿಯವರು ಅದೇ ವರ್ಷ ಆಗಸ್ಟಿನಲ್ಲಿ ತಮ್ಮ ಅಧಿಕೃತ ಸರ್ವರುಗಳಲ್ಲಿ ಇಂಥದನ್ನು ನಿಷೇಧಿಸಿದರು; ಚಲನೆಯ ಎರಡು ಕೆಲಸಗಳನ್ನು ಒಂದೇ ಕೀಲಿಗೆ ಕಟ್ಟುವುದನ್ನೂ ಅಲ್ಲಿ ನಿಲ್ಲಿಸಿದರು. ಗಮನಿಸಬೇಕಾದದ್ದೇನೆಂದರೆ, ಕೀಲಿಯ ಸ್ಥಳವನ್ನು ಬದಲಿಸಕೂಡದೆಂದು ಅವರು ಹೇಳಲಿಲ್ಲ. ಆ ಸೌಕರ್ಯವನ್ನು ಆಟದ ಒಳಗೇ ಇಟ್ಟಿದ್ದಾರೆ.

ನಿಜ ಹೇಳಬೇಕೆಂದರೆ ಸ್ನ್ಯಾಪ್ ಟ್ಯಾಪಿನ ನಿಷೇಧ ನನ್ನಂಥವನಿಗೆ ನಷ್ಟವೇ. ಗಟ್ಟಿಬಿದ್ದ ಎರಡು ಬೆರಳುಗಳ ನಂಟಿನಿಂದ ನಡುಬೆರಳೂ ಕೀಲಿಯನ್ನು ತಡವಾಗಿ ಬಿಡುತ್ತದೆ. ಆ ಕೀಲಿಮಣೆ ನನಗೆ ಊರುಗೋಲಾಗುತ್ತಿತ್ತು. ಕೈಕಾಲು ಊನವಾದವರೂ ಆಡಲೆಂದು ಮೈಕ್ರೋಸಾಫ್ಟ್ ಕಂಪನಿಯವರು 2018ರಲ್ಲಿ ದೊಡ್ಡ ದೊಡ್ಡ ಗುಂಡಿಗಳ ಒಂದು ಸಾಧನವನ್ನು ಹೊರತಂದರು. ಮೊಣಕೈಯಿಂದಲೋ ಕಾಲಿನಿಂದಲೋ ಒತ್ತುವ ಗುಂಡಿಗಳನ್ನು ಅದಕ್ಕೆ ಸೇರಿಸಿಕೊಳ್ಳಬಹುದು. ಹಾಗಿದ್ದಮೇಲೆ ನನಗೆ ಇದನ್ನೇಕೆ ಕೊಡಬಾರದು ಎಂದು ಒಂದೆರಡು ರಾತ್ರಿ ನನ್ನೊಳಗೇ ವಾದಿಸಿದ್ದುಂಟು. ಆದರೆ ಆ ದೊಡ್ಡ ಗುಂಡಿಯನ್ನೂ ಒತ್ತಬೇಕಾದವನು, ಬಿಡಬೇಕಾದವನು ಆಡುವವನೇ. ಎಲ್ಲಿ ಒತ್ತುತ್ತೇನೆ, ಯಾವುದರಿಂದ ಒತ್ತುತ್ತೇನೆ ಎಂಬುದು ನನ್ನ ಇಷ್ಟವಾಗಲಿ. ಒಂದು ಒತ್ತಿಗೆ ಒಂದು ಕೆಲಸ. ಬಿಡುವುದೂ ನನ್ನದೇ ಆಗಲಿ. ತಡವಾದರೆ ಸಾಯುತ್ತೇನೆ, ಸಾಯುತ್ತಲೂ ಇದ್ದೇನೆ.

ನಿರ್ಣಯವನ್ನು ಮಾಡಿದ ಮಿತ್ರರು ಹೇಳುತ್ತಾರೆ: “ನೀನು ಹೇಳುವುದು ಸರಿ, ಆದರೆ ಯಾರ ಮೌಸಿನ ಹೊಟ್ಟೆಯಲ್ಲಿ ಏನಿದೆಯೆಂದು ನೋಡುತ್ತ ಕೂರುವವರಾರು?” ನೋಡಬಹುದು, ಐದು ನಿಮಿಷದ ಕೆಲಸ. ಪಂದ್ಯಕ್ಕೆ ಮುಂಚೆ ಎಲ್ಲರ ಮೌಸು, ಕೀಲಿಮಣೆಗಳನ್ನು ಒಂದು ಕಂಪ್ಯೂಟರಿಗೆ ಹಾಕಿ ನೋಟ್‌ಪ್ಯಾಡನ್ನು ತೆರೆಯಿರಿ. ಎದುರು ಪಕ್ಷದವನು ಒಂದೊಂದೇ ಕೀಲಿ ಒತ್ತಲಿ. ಒಂದು ಒತ್ತಿಗೆ ಎರಡು ಅಕ್ಷರ ಬಿದ್ದರೆ ಅದು ಹೊರಗೆ. ಆಮೇಲೆ ಚಿತ್ರ ಬರೆಯುವ ಪೇಂಟನ್ನು ತೆರೆದು, ಮೌಸನ್ನು ಅಲುಗಿಸದೆ ಗುಂಡಿಗಳನ್ನೊತ್ತಿ ಹಿಡಿಯಿರಿ. ನಾನು ಮಾಡಿದಂಥದೇನಾದರೂ ಒಳಗಿದ್ದರೆ ಹಾಳೆಯ ಮೇಲೆ ತಾನಾಗಿ ಒಂದು ಗೆರೆ ಕೆಳಗಿಳಿಯುತ್ತದೆ. ಕೆಳಗಿನ ಗುಂಡಿಯಿಂದ ಪ್ರೊಫೈಲು ಬದಲಿಸಿ ಎರಡನೆಯ ಸಲವೂ ನೋಡುವುದನ್ನು ಮರೆಯಕೂಡದು. ಬಹಳ ಜಾಣನಾದವನು ಇದನ್ನೂ ತಪ್ಪಿಸಿಕೊಳ್ಳಬಹುದು. ಅಷ್ಟು ಜಾಣರು ನಮ್ಮ ಹಾಸ್ಟೆಲಿನಲ್ಲಿದ್ದರೆ ಒಂದು ಟೀಗಾಗಿ ಅಷ್ಟು ಕಷ್ಟಪಡಲಾರರು.

ಈ ಸಂಚಿಕೆ ಅಚ್ಚಾಗಿ ಬರುವಷ್ಟರಲ್ಲಿ ಅಂತಿಮ ವರ್ಷದವರ ಬೀಳ್ಕೊಡುಗೆ ಹತ್ತಿರವಾಗಿರುತ್ತದೆ. ಅದಕ್ಕೆ ಮೊದಲು ಒಂದು ಪಂದ್ಯ ಆಡೋಣವೆಂಬ ಮಾತು ನಡೆದಿದೆ. ನಿರ್ಣಯವನ್ನು ಅಂದು ಒಂದು ದಿನದ ಮಟ್ಟಿಗಾದರೂ ಬದಿಗಿಟ್ಟು ಮೇಲೆ ಹೇಳಿದಂತೆ ಮಾಡಿ ನೋಡಬೇಕೆಂದು ಹಾಸ್ಟೆಲಿನ ಮಿತ್ರರನ್ನು ಕೇಳಿಕೊಳ್ಳುತ್ತೇನೆ. ನನ್ನ ಮೌಸನ್ನೇ ಮೊದಲು ಮೇಜಿನ ಮೇಲಿಡುತ್ತೇನೆ. ಪೇಂಟಿನ ಬಿಳಿಯ ಹಾಳೆಯ ಮೇಲೆ ಅದರ ಗುಂಡಿಯನ್ನೊತ್ತಿ ನೋಡುವವನು ನನ್ನ ಕೋಣೆಯ ಜೊತೆಗಾರನೇ ಆಗಬೇಕು.